ಪೆಟ್ಟಿಗೆಯೊಳಗಿಂದ ಕೇಳಿದ ಅಳು

೧೯೯೬ನೆಯ ಇಸವಿ ಜನವರಿ ೯, ಮಂಗಳವಾರ. ಹರ್ಮಟಾನ್ ಗಾಳಿಯ ಕಾಲ. ಉತ್ತರದ ಮರಳುಗಾಡಿನಿಂದ ಬಂದ ನುಣುಪಾದ ಧೂಳು ಹದಿನೆಂಟು ದಿನಗಳಿಂದ ಕುಮಾಸಿ ಪಟ್ಟಣದ ಮೇಲೆ ಕವಿದಿತ್ತು. ಬೆಳಗಿನ ಹತ್ತು ಗಂಟೆಗೂ ಸೂರ್ಯನನ್ನು ಬರಿಗಣ್ಣಿನಿಂದ ನೋಡಬಹುದಾಗಿತ್ತು. ಎಲ್ಲರ ತುಟಿಗಳೂ ಒಡೆದಿದ್ದವು. ಅಂಥ ದಿನ, ಅಶ್‌ಟೌನ್ ಬಡಾವಣೆಯ ಒಂದು ವಠಾರದ ಅಂಗಳದಲ್ಲಿ, ಬಾಡಿಗೆಗೆ ತಂದ ಶವಪೆಟ್ಟಿಗೆಯೊಳಗೆ, ಮುಖಕ್ಕೆ ಮಕ್ಕಳ ಪೌಡರ್ ಬಳಿದುಕೊಂಡು, ಮೂಗಿನ ಹೊಳ್ಳೆಗಳಿಗೆ ಹತ್ತಿ ಇಟ್ಟುಕೊಂಡು, ನಟ ಕ್ವಾಬೆನಾ ಸಾರ್ಫೊ ತನ್ನ ಇಪ್ಪತ್ತಮೂರನೆಯ ಸಾವಿಗಾಗಿ ಮಲಗಿದ.

ಅವನು ಹುಟ್ಟಿದ್ದು ೧೯೫೨ನೆಯ ಮಾರ್ಚ್ ೪ರಂದು. ಅದೂ ಮಂಗಳವಾರವೇ, ಆದ್ದರಿಂದಲೇ ಆ ವಾರ ಹುಟ್ಟಿದ ಗಂಡುಮಗುವಿಗೆ ಇಡುವ ಕ್ವಾಬೆನಾ ಎಂಬ ಹೆಸರು. ಊರು ಮಾಂಪೊಂಗ್ ರಸ್ತೆಯಲ್ಲಿರುವ ಅಬೊನ್ಸೊ. ಹತ್ತೊಂಬತ್ತನೆಯ ವಯಸ್ಸಿಗೆ ಮನೆ ಬಿಟ್ಟು ಸಂಚಾರಿ ನಾಟಕದ ಮಂಡಳಿಯೊಂದನ್ನು ಸೇರಿ, ಹದಿನೇಳು ವರ್ಷ ಊರೂರು ಅಲೆದು, ಹೆಂಗಸಿನ ವೇಷ, ಕುಡುಕನ ವೇಷ, ಪಾದ್ರಿಯ ವೇಷ ಎಲ್ಲವನ್ನೂ ಹಾಕಿದ್ದ. ಮಂಡಳಿ ಮುಚ್ಚಿದಾಗ ಅವನ ಬಳಿ ಉಳಿದದ್ದು ಆರಡಿ ಮೂರಂಗುಲದ ಮೈ, ಎಲುಬು ಎದ್ದ ಕೆನ್ನೆ, ಮತ್ತು ಕಣ್ಣು ಮಿಟುಕಿಸದೆ ಬಹಳ ಹೊತ್ತು ಇರಬಲ್ಲ ಒಂದು ವಿಚಿತ್ರವಾದ ಶಕ್ತಿ.

ಈ ಶಕ್ತಿಯನ್ನು ಗುರುತಿಸಿದವನು ಕೋಜೋ ಬಾಡು. ಕೆಜೆಟಿಯಾ ಲಾರಿ ನಿಲ್ದಾಣದ ಹಿಂದೆ ಅವನದೊಂದು ವಿಡಿಯೊ ಕ್ಯಾಸೆಟ್ಟಿನ ಅಂಗಡಿ. ಬಿಳಿಯರ ನಾಡಿನ ಹಳೆಯ ಕಪ್ಪುಬಿಳುಪಿನ ಭೂತದ ಚಿತ್ರಗಳ ಒಂದು ರಾಶಿ ಅಲ್ಲಿ ಧೂಳು ತಿನ್ನುತ್ತಿತ್ತು. ಬಾಡಿಗೆಗೆ ಒಯ್ದವರೆಲ್ಲ ಮರುದಿನವೇ ಹಿಂತಿರುಗಿಸಿ, "ದೆವ್ವ ಚೆನ್ನಾಗಿದೆ, ಆದ್ರೆ ಅದು ನಮ್ಮ ದೆವ್ವ ಅಲ್ಲ" ಎನ್ನುತ್ತಿದ್ದರು. ಬಾಡು ಆ ಮಾತನ್ನು ಹಿಡಿದುಕೊಂಡ. ೧೯೮೯ನೆಯ ಆಗಸ್ಟ್ ೧೪, ಸೋಮವಾರ, ಮದುವೆಗಳನ್ನು ತೆಗೆಯುವ ಕ್ಯಾಮೆರಾ ಒಂದನ್ನು ಎರವಲು ತಂದು ಮೊದಲ ಚಿತ್ರ ಆರಂಭಿಸಿದ. ಮೂಲದಲ್ಲಿ ಕೋಟೆಯೊಳಗೆ ವಾಸಿಸುವ ರಕ್ತಪಿಪಾಸು ಜಮೀನ್ದಾರನಿದ್ದ. ಬಾಡುವಿನ ಕೈಯಲ್ಲಿ ಅವನು ಕರಾವಳಿಯಿಂದ ಬಂದ ಕೋಕೋ ವ್ಯಾಪಾರಿಯಾದ. ರಕ್ತಕ್ಕೆ ಟೊಮೇಟೊ ಪೇಸ್ಟು, ಕೋರೆಹಲ್ಲಿಗೆ ಹಸುವಿನ ಎಲುಬಿನ ಚೂರು. ನಾಲ್ಕು ದಿನಗಳಲ್ಲಿ ಚಿತ್ರ ಮುಗಿಯಿತು. ಆಮೇಲೆ ಮೈಗೆಲ್ಲ ಬಟ್ಟೆ ಸುತ್ತಿಟ್ಟ ಹೆಣದ ಅರಸ ಬಂದ, ಹೆಣಗಳ ತುಂಡು ಹೊಲಿದು ಮಾಡಿದ ಮನುಷ್ಯ ಬಂದ, ಹುಣ್ಣಿಮೆಗೆ ಮೃಗವಾಗುವವನು ಬಂದ. ಆರು ವರ್ಷಗಳಲ್ಲಿ ಇಪ್ಪತ್ತೆರಡು ಚಿತ್ರಗಳು, ಎಲ್ಲದರಲ್ಲೂ ಸಾರ್ಫೊ, ಎಲ್ಲದರಲ್ಲೂ ಒಂದು ಶವಪೆಟ್ಟಿಗೆ.

ಕೀರ್ತಿ ಬಂತು, ಆದರೆ ಅದು ಬಂದ ರೀತಿ ಅವನು ಬಯಸಿದ ರೀತಿಯಲ್ಲ. ಮಾರುಕಟ್ಟೆಯಲ್ಲಿ ಗೆಣಸು ಮಾರುವ ಹೆಂಗಸರು ಅವನ ಕೈಯಿಂದ ನೋಟು ತೆಗೆದುಕೊಳ್ಳುತ್ತಿರಲಿಲ್ಲ. "ಅಲ್ಲಿ ಬುಟ್ಟಿ ಮೇಲಿಡು, ಸ್ವಾಮಿ" ಎನ್ನುತ್ತಿದ್ದರು. ಅವನ ಹೆಂಡತಿ ಹುರಿದ ಬಾಳೆಯ ಅಂಗಡಿ ಇಟ್ಟಿದ್ದಳು. ಗಿರಾಕಿಗಳು ತಪ್ಪಿದ ಮೇಲೆ ೧೯೯೧ರಲ್ಲಿ ತನ್ನ ತವರಿಗೆ ಹೋದವಳು ಮರಳಲಿಲ್ಲ. ಹಿಟ್ಟಿನ ಚೀಲದ ಬಟ್ಟೆಯ ಮೇಲೆ ಬರೆದ ದೊಡ್ಡ ದೊಡ್ಡ ಜಾಹೀರಾತು ಚಿತ್ರಗಳಲ್ಲಿ ಅವನ ಕೋರೆಹಲ್ಲು ಇರುತ್ತಿತ್ತು, ಕೆಂಡದ ಕಣ್ಣು ಇರುತ್ತಿತ್ತು. ಹೆಸರು ಮಾತ್ರ ಒಂದರಲ್ಲೂ ಇರುತ್ತಿರಲಿಲ್ಲ.

ಇಷ್ಟೆಲ್ಲ ಕಳೆದುಕೊಂಡವನಿಗೆ ಒಂದು ಹೊಸ್ತಿಲು ಉಳಿದಿತ್ತು. ಸತ್ತ ಹಿರಿಯರನ್ನು ನೆನೆಯಲು ಆರು ವಾರಕ್ಕೊಮ್ಮೆ ಬರುವ ಅದಾಯ್ ಭಾನುವಾರಗಳಂದು ಅವನು ತಪ್ಪದೆ ಅಬೊನ್ಸೊಗೆ ಹೋಗಿ, ತಾಯಿ ಯಾ ಪೋಕುವಾಳ ಎದುರಿಗೆ ಕುಳಿತು, ಅವಳು ಕುಟ್ಟಿಸಿದ ಫುಫುವಿನ ಮುದ್ದೆಯನ್ನು ಮೇಕೆಯ ಸಾರಿನಲ್ಲಿ ಅದ್ದಿ ಉಣ್ಣುತ್ತಿದ್ದ. ಆ ನಾಡಿನವರದು ಅಳಿಯಕಟ್ಟು: ಮನುಷ್ಯ ತಾಯಿಯ ಮನೆತನಕ್ಕೆ ಸೇರಿದವನು, ಬದುಕಿದ್ದಾಗಲೂ ಸತ್ತಮೇಲೂ. ತಾಯಿ ಅವನ ಕಸುಬನ್ನು ಒಂದು ಕರಾರಿನ ಮೇಲೆ ಸಹಿಸಿಕೊಂಡಿದ್ದಳು. ಪೆಟ್ಟಿಗೆಯಲ್ಲಿ ಮಲಗಿದವನು, ಕ್ಯಾಮೆರಾ ನಿಲ್ಲುವ ಮೊದಲೇ ಎದ್ದು ಕುಳಿತು, ಅದರ ಕಡೆಗೆ ನಾಲಗೆ ಚಾಚಿ ನಗಬೇಕು. ಇದು ಆಟವೆಂದು ಸಾವಿಗೆ ತಿಳಿಯಬೇಕು. ಬಳಿಕ ನೆಲಕ್ಕೆ ನಾಲ್ಕು ಹನಿ ಜಿನ್ನು ಮದ್ಯ ಚೆಲ್ಲಿ, ಬೇಯಿಸಿದ ಒಂದು ಮೊಟ್ಟೆಯನ್ನು ತಿನ್ನಬೇಕು. ಈ ಪದ್ಧತಿ ಅಲ್ಲಿಯ ಚಿತ್ರದವರಲ್ಲೆಲ್ಲ ಇತ್ತು. ಸಾರ್ಫೊ ಇಪ್ಪತ್ತೆರಡು ಸಲವೂ ಒಂದಕ್ಷರ ತಪ್ಪದೆ ನಡೆಸಿದ್ದ.

ಇಪ್ಪತ್ತಮೂರನೆಯ ಚಿತ್ರದ ಕಥೆ, ಕೊಲೆಯಾದವನು ಎದ್ದು ಬಂದು ಕೊಂದವರ ಬಾಗಿಲು ಬಡಿಯುವುದು. ಗೋಡೆಯ ಮೇಲೆ ಅವನ ಮರಣದ ಭಿತ್ತಿಪತ್ರ ಕಾಣಿಸಬೇಕಾಗಿತ್ತು. ಕುಮಾಸಿಯಲ್ಲಿ ಅಂಥ ಪತ್ರವಿಲ್ಲದ ಗೋಡೆಯೇ ಇಲ್ಲ: ಸತ್ತವರ ಭಾವಚಿತ್ರ, ವಯಸ್ಸು, ದೇಹವನ್ನು ದರ್ಶನಕ್ಕಿಟ್ಟ ಮನೆ, ಮನೆತನದ ಯಜಮಾನನ ಹೆಸರು, ಅಳುವವರ ಪಟ್ಟಿ.

"ಸುಳ್ಳು ಹೆಸರು ಹಾಕಿದ್ರೆ ಯಾವನೂ ನಂಬಲ್ಲ, ಸಾರ್ಫೊ," ಎಂದಿದ್ದ ಬಾಡು. "ಯಜಮಾನನ ಹೆಸರು ಓದಿದ ಕೂಡ್ಲೆ ನಮ್ಮ ಜನಕ್ಕೆ ಗೊತ್ತಾಗ್ಬಿಡುತ್ತೆ, ಇದು ಯಾವ ಮನೆತನ, ನಿಜಾನಾ ಸುಳ್ಳಾ ಅಂತ. ನಿಂದೇ ಕೊಡು. ನಿನ್ನ ಹೆಸರೇ ದಪ್ಪಕ್ಷರದಲ್ಲಿ ಹಾಕಿಸ್ತೀನಿ."

"ನನ್ನ ಹೆಸರಾ?"

"ಮತ್ತೆ ನಮ್ಮಪ್ಪಂದಾ? ಇನ್ನೂರು ಪ್ರತಿ. ಊರೆಲ್ಲಾ ಅಂಟಿಸೋಣ, ಚಿತ್ರಕ್ಕೂ ಪ್ರಚಾರ ಆಗುತ್ತೆ. ಕೆಳಗೆ 'ಇದು ಚಲನಚಿತ್ರ' ಅಂತ ಒಂದು ಸಾಲು ಇರುತ್ತೆ, ಹೆದರ್ಬೇಡ."

ಸಾರ್ಫೊ ಹೆದರಲಿಲ್ಲ, ಹಿಗ್ಗಿದ. ಇಪ್ಪತ್ತೈದು ವರ್ಷ ವೇಷ ಹಾಕಿದವನ ಹೆಸರು ಮೊದಲ ಸಲ ಅಚ್ಚಾಗುವುದಿತ್ತು. ತನ್ನ ಹುಟ್ಟಿದ ದಿನ, ಊರು, ತಾಯಿಯ ಹೆಸರು, ತಂಗಿ ಅಫಿಯಾ ಸೆರ್ವಾಳ ಹೆಸರು, ಯಜಮಾನನಾದ ಸೋದರಮಾವ ಆಂಟ್ವಿಯ ಹೆಸರು, ಎಲ್ಲವನ್ನೂ ಅವನೇ ನಿಧಾನವಾಗಿ ಹೇಳಿ ಬರೆಸಿದ; ಅಕ್ಷರ ತಪ್ಪಿದಲ್ಲಿ ತಿದ್ದಿಸಿದ. ದರ್ಶನಕ್ಕಿಟ್ಟ ಮನೆಯೆಂದು ಅಶ್‌ಟೌನಿನ ಆ ವಠಾರದ ಸಂಖ್ಯೆಯನ್ನೇ ಹಾಕಲಾಯಿತು. ಜನವರಿ ೬, ಶನಿವಾರ, ಪತ್ರಗಳು ಗೋಡೆ ಸೇರಿದವು. ಕೆಜೆಟಿಯಾದಲ್ಲಿ ಮರುದಿನವೇ ಬೇರೆ ಯಾರದೋ ಮರಣಪತ್ರ ಅವುಗಳ ಕೆಳಗಿನ ಮೂರಂಗುಲವನ್ನು ಮುಚ್ಚಿತು. ಮುಚ್ಚಿಹೋದದ್ದು ಆ ಒಂದು ಸಾಲು.

ಮಾಂಪೊಂಗ್ ಲಾರಿಯ ಚಾಲಕನೊಬ್ಬ ಅಲ್ಲಿಂದಲೇ ಒಂದು ಪ್ರತಿಯನ್ನು ಕಿತ್ತು, ಜನವರಿ ೮ರ ಮಧ್ಯಾಹ್ನ ಅಬೊನ್ಸೊಗೆ ತಲುಪಿಸಿದ. ಸಾವನ್ನು ಸಾರುವ ಹಕ್ಕು ತಾಯಿಯ ಮನೆತನದ್ದು. ತನ್ನನ್ನು ಕೇಳದೆ ತನ್ನ ಹೆಸರನ್ನೇ ಅಚ್ಚುಹಾಕಿಸಿದ್ದಾರೆಂದರೆ ಪಟ್ಟಣದ ಯಾರೋ ತನ್ನ ಅಳಿಯನ ಹೆಣವನ್ನು ಬಚ್ಚಿಟ್ಟಿದ್ದಾರೆಂದೇ ಎಪ್ಪತ್ತೊಂದು ವರ್ಷದ ಆಂಟ್ವಿ ತೀರ್ಮಾನಿಸಿದ. ತಾಯಿ ನೆಲಕ್ಕೆ ಕುಳಿತು ತಲೆಗೂದಲು ತೆಗೆಸಿಕೊಂಡಳು. ಮರುದಿನ ಬೆಳಗಿನ ಮೊದಲ ಲಾರಿಗೆ ಆಂಟ್ವಿಯೂ ಅಫಿಯಾಳೂ ಸಾವಿಗೆ ಉಡುವ ಕಪ್ಪು ಕೆಂಪು ಬಟ್ಟೆ ಉಟ್ಟು ಕುಮಾಸಿಗೆ ಹೊರಟರು. ವಿಳಾಸ ಪತ್ರದಲ್ಲೇ ಇತ್ತು.

ಹೀಗೆ, ಮಂಗಳವಾರ ಹತ್ತು ಗಂಟೆ ಇಪ್ಪತ್ತು ನಿಮಿಷಕ್ಕೆ, ಬಾಡಿಗೆ ಅಳುವವರು ಪೆಟ್ಟಿಗೆಯ ಸುತ್ತ ನಿಂತು, ಕ್ಯಾಮೆರಾ ಓಡತೊಡಗಿದ್ದಾಗ, ವಠಾರದ ಬಾಗಿಲಿನಿಂದ ಇನ್ನಿಬ್ಬರು ಒಳಗೆ ಬಂದರು. ಬಾಡು ಅವರನ್ನು ನೋಡಿದ. ತಾನು ಕರೆಸಿದವರಲ್ಲವೆಂದು ಅವನಿಗೆ ತಿಳಿದಿತ್ತು. ಆದರೆ ಅಫಿಯಾಳ ಮುಖವನ್ನು ಕಂಡ ಮೇಲೆ ಕ್ಯಾಮೆರಾದವನಿಗೆ ನಿಲ್ಲಿಸಬೇಡವೆಂದು ಕೈಸನ್ನೆ ಮಾಡಿದ.

ಅಫಿಯಾ ಪೆಟ್ಟಿಗೆಯ ಅಂಚನ್ನು ಹಿಡಿದುಕೊಂಡು ಹಾಡಿ ಅತ್ತಳು.

"ಯಾ ಪೋಕುವಾಳ ಹಿರೀ ಮಗನೇ, ಅಬೊನ್ಸೊ ಹೊಳೆ ದಾಟಿಸಿದ ಅಣ್ಣಾ. ನೀ ಹೋಗೋ ದಾರೀಲಿ ನೀರಿಲ್ವಂತೆ, ಬಾಯಾರಿದ್ರೆ ಯಾರ್ನ ಕೇಳ್ತೀಯೋ. ಊರೋರು ನಿನ್ನ ಕಂಡ್ರೆ ಬಾಗಿಲು ಹಾಕ್ಕೊಂಡ್ರು, ನಾನೂ ಒಂದ್ಸಲ ಹಾಕ್ಕೊಂಡೆ, ಅಣ್ಣಾ, ನಿಂಗೊತ್ತಾಗ್ಲಿಲ್ಲ. ಒಳಗಿದ್ದು ಇಲ್ಲ ಅನ್ನಿಸ್ದೆ. ಆ ಬಾಗಿಲು ಈಗ ತೆಗೀತೀನಿ, ಎದ್ದು ಬಾರೋ."

ಸಾರ್ಫೊ ಆ ದನಿಯನ್ನು ಮೊದಲ ಮಾತಿನಲ್ಲೇ ಗುರುತಿಸಿದ. ಆ ಕ್ಷಣವೇ ಏಳಬಹುದಾಗಿತ್ತು. ಮೊದಲು ಅವನನ್ನು ತಡೆದದ್ದು ಅಭ್ಯಾಸ; ಸಾಕೆಂದು ಬಾಡು ಹೇಳುವ ತನಕ ಮಿಸುಕದೆ ಮಲಗುವುದು ಅವನ ಎಲುಬಿಗೆ ಇಳಿದಿತ್ತು. ಆದರೆ ಆಮೇಲೆ ತಡೆದದ್ದು ಅಭ್ಯಾಸವಲ್ಲ. ಅವನಿಗೆ ಕೇಳಬೇಕೆನಿಸಿತು. ಯಾವ ಬದುಕಿರುವ ಮನುಷ್ಯನಿಗೂ ಯಾರೂ ಹೇಳದ ಮಾತುಗಳನ್ನು ತಂಗಿ ಹೇಳುತ್ತಿದ್ದಳು. ಇನ್ನೂ ಸ್ವಲ್ಪ ಹೇಳಲಿ ಎಂದು ಉಸಿರು ಬಿಗಿಹಿಡಿದು ಮಲಗಿದ. ಟೇಪಿನ ಗಡಿಯಾರದಲ್ಲಿ ಅದು ಎರಡು ನಿಮಿಷ ನಲವತ್ತು ಸೆಕೆಂಡು ಎಂದು ಮುಂದೆ ಅಳತೆ ಸಿಕ್ಕಿತು.

ಕೊನೆಗೆ ಬಾಡು "ಸಾಕು" ಎಂದ. ಸಾರ್ಫೊ ಎದ್ದು ಕುಳಿತ. ಏನು ಮಾಡಬೇಕೆಂದು ತೋಚದೆ, ಇಪ್ಪತ್ತೆರಡು ಸಲ ಮಾಡಿದ್ದನ್ನೇ ಮಾಡಿದ: ನಾಲಗೆ ಚಾಚಿ ನಕ್ಕ.

ಅಫಿಯಾ ಹಿಂದೆ ಹಿಂದೆ ಸರಿದು, ಗೋಡೆ ಬೆನ್ನಿಗೆ ತಾಗಿದಾಗ ಅಲ್ಲೇ ಕುಸಿದು ಕುಳಿತಳು. ಆಂಟ್ವಿ ಅಳಿಯನ ಮೂಗಿನ ಹತ್ತಿಯನ್ನು ಬಹಳ ಹೊತ್ತು ನೋಡಿದ.

"ಎದ್ದೆಯಾ. ಒಳ್ಳೇದು. ಎಷ್ಟೊತ್ತಿಂದ ಎಚ್ಚರ ಇದ್ದೆ?"

"ಮಾವ, ಇದು ಸಿನಿಮಾ..."

"ಅದು ಕಾಣ್ತಿದೆ. ಎಷ್ಟೊತ್ತಿಂದ?"

"ಮೊದಲಿಂದ."

"ಅವಳು ನಿನ್ನ ಹೆಸರು ಹಿಡಿದು ಅತ್ತಳು. ಹೊಳೆ ಹೆಸರು ಹೇಳಿ ಅತ್ತಳು. ನೀನು ಕೇಳ್ತಾ ಮಲಗಿದ್ದೆ."

ಸಾರ್ಫೊ ಮೂಗಿನ ಹತ್ತಿಯನ್ನು ಕಿತ್ತ. ಮುದುಕ ತನ್ನ ಬಟ್ಟೆಯನ್ನು ಹೆಗಲಿಗೇರಿಸಿಕೊಂಡು, ಅಫಿಯಾಳನ್ನು ಎಬ್ಬಿಸಿಕೊಂಡು ಹೊರಟುಹೋದ. ಮೊಟ್ಟೆ ತಟ್ಟೆಯಲ್ಲೇ ಉಳಿಯಿತು. ಜಿನ್ನು ಚೆಲ್ಲುವುದು ಯಾರಿಗೂ ನೆನಪಾಗಲಿಲ್ಲ.

ಮರುದಿನ, ಜನವರಿ ೧೦ರಂದು, ಸಾರ್ಫೊ ಅಬೊನ್ಸೊಗೆ ಹೋದ. ತಾಯಿಯ ಬಾಗಿಲು ಮುಚ್ಚಿತ್ತು. ತಟ್ಟಿದಾಗ ಒಳಗಿನಿಂದಲೇ ಅವಳು ಕೇಳಿದಳು:

"ಯಾರು?"

"ನಾನವ್ವ. ಕ್ವಾಬೆನಾ."

"ಕ್ವಾಬೆನಾನ ಸಲುವಾಗಿ ತಲೆ ಬೋಳಿಸ್ಕೊಂಡಿದೀನಿ. ಅವನ ತಂಗಿ ಅವನಿಗೆ ದಾರಿ ಹೇಳಿ ಕಳಿಸಿ ಬಂದಳು."

"ನಾನು ಸತ್ತಿಲ್ಲ ಕಣವ್ವ. ಬಾಗಿಲು ತೆಗೆದು ನೋಡು."

"ನೋಡೋಕೆ ಏನಿದೆಯಪ್ಪ, ನಿನ್ನ ಚಿತ್ರದಲ್ಲೂ ಹೀಗೇ ತಾನೆ ಬಂದು ಬಾಗಿಲು ಬಡಿಯೋದು." ಆ ಮಾತಿನಲ್ಲಿ ತಮಾಷೆಯಿತ್ತೋ ಇಲ್ಲವೋ ಅವನಿಗೆ ತಿಳಿಯಲಿಲ್ಲ. ಆಮೇಲೆ ಅವಳ ದನಿ ಇಳಿಯಿತು. "ನಿನ್ನ ಮಾವನ ಹತ್ರ ಹೋಗು. ಅವನು ಕರಿ ಅಂದ್ರೆ ಕರೀತೀನಿ. ನಾನಾಗಿ ಕರೆಯೋಕೆ ಬರಲ್ಲ, ಮಗಾ."

ಆಂಟ್ವಿಯ ಕರಾರುಗಳು ಮೂರು. ಒಂದು ಕುರಿ. ಇನ್ನು ಮುಂದೆ ಯಾವ ಪೆಟ್ಟಿಗೆಯಲ್ಲೂ ಮಲಗುವುದಿಲ್ಲವೆಂಬ ಮಾತು. ಮೂರನೆಯದು, ಅಫಿಯಾಳ ಅಳುವಿರುವ ಟೇಪು.

"ನಿನ್ನ ಸತ್ತೋರ ಕಡೆ ಕಳಿಸಿದ ಅಳು ಎಲ್ಲೋ ಒಂದು ಕಡೆ ಉಳಿದಿದ್ರೆ ನಿನ್ನ ವಾಪಸ್ ಕರೆಯೋಕೆ ಹೇಗಾಗುತ್ತೆ? ಒಬ್ಬಳು ಕರೀತಾ ಇರ್ತಾಳೆ, ಒಬ್ಬಳು ಕಳಿಸ್ತಾ ಇರ್ತಾಳೆ," ಎಂದ ಮುದುಕ. "ಟೇಪು ತಂದು ನನ್ನ ಕೈಗೆ ಕೊಡು. ಗುರುವಾರದೊಳಗೆ, ಹದಿನೆಂಟನೇ ತಾರೀಕು."

ಜನವರಿ ೧೨, ಶುಕ್ರವಾರ, ಸಾರ್ಫೊ ಬಾಡುವಿನ ಅಂಗಡಿಯಲ್ಲಿ ನಿಂತಿದ್ದ. ಬಾಡು ಆ ದೃಶ್ಯವನ್ನೇ ಹಾಕಿಕೊಂಡು ನೋಡುತ್ತಿದ್ದ.

"ಆರು ವರ್ಷದಲ್ಲಿ ನನಗೆ ಸಿಕ್ಕಿದ ನಿಜವಾದ ಅಳು ಇದೊಂದೇ," ಎಂದ ಅವನು, ತಿರುಗಿ ನೋಡದೆ. "ಉಳಿದದ್ದೆಲ್ಲಾ ಈರುಳ್ಳಿ."

"ಅದು ನನ್ನ ತಂಗಿ, ಬಾಡು."

"ಗೊತ್ತು. ಅದಕ್ಕೇ ಚೆನ್ನಾಗಿದೆ."

"ಅದಿಲ್ಲದೆ ನನ್ನವ್ವ ಬಾಗಿಲು ತೆಗೆಯಲ್ಲ. ನಿನಗೂ ಅವ್ವ ಇದಾಳೆ."

ಬಾಡು ಕೆಟ್ಟವನಲ್ಲ; ಅವಸರದ ಮನುಷ್ಯ. ಯಂತ್ರವನ್ನು ನಿಲ್ಲಿಸಿ, ಕ್ಯಾಸೆಟ್ಟನ್ನು ಹೊರತೆಗೆದು, ಮೇಜಿನ ಮೇಲಿಟ್ಟ. ಆಮೇಲೆ ಅದರ ಪಕ್ಕದಲ್ಲಿ ಇನ್ನೊಂದನ್ನಿಟ್ಟ.

"ಇದು ಕ್ಯಾಮೆರಾದ್ದು. ಇದು ಅದರ ನಕಲು, ನಿನ್ನೇನೇ ತೆಗೆದಿಟ್ಟೆ. ಒಂದು ನೀನು ತಗೊಂಡು ಹೋಗು, ಸುಡಲಿ, ಹೂಳಲಿ. ಇನ್ನೊಂದು ನಂದು. ನಾನು ನಿಂಗೆ ಸುಳ್ಳು ಹೇಳ್ತಿಲ್ಲ, ನೋಡು. ನೀನು ಅವರಿಗೆ ಏನು ಹೇಳ್ತೀಯೋ ಅದು ನಿಂಗೆ ಬಿಟ್ಟಿದ್ದು."

ಸಾರ್ಫೊ ಎರಡನ್ನೂ ನೋಡಿದ. ಬೇಡಿದ, ಒಮ್ಮೆ ಮೇಜನ್ನು ಗುದ್ದಿದ. ಬಾಡು ನಕಲನ್ನು ಕಂಕುಳಲ್ಲಿ ಅದುಮಿಕೊಂಡು ಕೈಕಟ್ಟಿ ನಿಂತ. ಕೊನೆಗೆ ಸಾರ್ಫೊ ಮೇಜಿನ ಮೇಲೆ ಉಳಿದದ್ದನ್ನು ತೆಗೆದುಕೊಂಡು ಹೊರಟ.

ಜನವರಿ ೧೮, ಗುರುವಾರ, ಬೆಳಗ್ಗೆ ಏಳು ಗಂಟೆಗೆ ಮನೆತನದ ಹನ್ನೊಂದು ಮಂದಿ ಹಿರಿಯರು ಯಾ ಪೋಕುವಾಳ ಅಂಗಳದಲ್ಲಿ ಸೇರಿದರು. ಆಂಟ್ವಿ ಕ್ಯಾಸೆಟ್ಟನ್ನು ಕೈಯಲ್ಲಿ ತೂಗಿ ನೋಡಿದ. ವಿಡಿಯೊ ಯಂತ್ರವನ್ನು ಮುಟ್ಟಿ ನೋಡಿದವನಲ್ಲ ಅವನು.

"ಇದೊಂದೇನಾ?"

ಅಂಗಳದಲ್ಲಿ ಕುರಿ ಒಮ್ಮೆ ಕೆಮ್ಮಿತು. ಅಫಿಯಾ ತಾಯಿಯ ಬಾಗಿಲ ಬಳಿ ನಿಂತು ಅಣ್ಣನನ್ನೇ ನೋಡುತ್ತಿದ್ದಳು.

"ಇದೊಂದೇ, ಮಾವ."

"ಮನೆತನದ ಮೇಲೆ ಆಣೆ ಇಟ್ಟು ಹೇಳು."

ಅವನು ಆಣೆ ಇಟ್ಟು ಹೇಳಿದ.

ಟೇಪನ್ನು ಸುರುಳಿ ಸುರುಳಿಯಾಗಿ ಎಳೆದು ಬೆಂಕಿಗೆ ಹಾಕಿದರು. ಅದು ಉರಿಯುವ ಬದಲು ಕರಗಿ, ಕೆಟ್ಟ ವಾಸನೆ ಹೊರಡಿಸಿತು. ಕುರಿಯ ರಕ್ತವನ್ನು ಅವನ ಪಾದಗಳ ಮೇಲೆ ಬಿಟ್ಟರು. ಬಿಳಿಯ ಬಟ್ಟೆ ಉಟ್ಟ ತಾಯಿ ಒಳಗಿನಿಂದ "ಕ್ವಾಬೆನಾ" ಎಂದು ಮೂರು ಸಲ ಕರೆದಳು. ಮೂರು ಸಲವೂ ಅವನು "ಅವ್ವ" ಎಂದು ಓಗೊಟ್ಟ. ಮೂರನೆಯ ಸಲ ಓಗೊಡುವುದು ತಡವಾಯಿತು. ಆನಂದದಿಂದ ಎಂದು ಹಿರಿಯರು ತಿಳಿದರು. ಬಾಗಿಲು ತೆರೆಯಿತು. ಅವಳು ಅವನ ಹಣೆಗೆ ಬಿಳಿಯ ಜೇಡಿಮಣ್ಣು ಹಚ್ಚಿ, ತಾಳೆ ಎಣ್ಣೆ ಹಾಕಿ ಕಲಸಿದ ಗೆಣಸಿನ ಮುದ್ದೆಯನ್ನೂ ಮೊಟ್ಟೆಯನ್ನೂ ತಿನ್ನಿಸಿದಳು.

"ತೆಳ್ಳಗಾಗಿದೀಯ," ಎಂದಳು. "ಸತ್ತೋರಿಗೆ ಊಟ ಹಾಕಲ್ವಾ ನಿಮ್ಮ ಬಾಡು?"

ಎಲ್ಲರೂ ನಕ್ಕರು. ಅವನೂ ನಕ್ಕ.

ಅಂದಿನಿಂದ ಹತ್ತು ವಾರ ಅವನು ಆ ನಕಲಿಗಾಗಿ ಬಾಡುವಿನ ಬೆನ್ನು ಬಿಡಲಿಲ್ಲ. ಮಾರ್ಚ್ ಕೊನೆಗೆ ಬಾಡು, ಚಿತ್ರವನ್ನು ಅಕ್ರಾದ ಹಂಚಿಕೆದಾರನಿಗೆ ಕೊಟ್ಟಾಯಿತು, ಇನ್ನು ತನ್ನ ಕೈಯಲ್ಲಿಲ್ಲ ಎಂದ. ಏಪ್ರಿಲ್ ೬, ಈಸ್ಟರಿನ ಹಿಂದಿನ ಶನಿವಾರ, ಕುಮಾಸಿಯ ಐದು ವಿಡಿಯೊ ಕೊಠಡಿಗಳಲ್ಲಿ ಅದು ತೆರೆಕಂಡಿತು. ಅದಕ್ಕೆ ಎರಡು ದಿನ ಮೊದಲು ಸಾರ್ಫೊ ಮಾಂಪೊಂಗ್ ಸಂತೆಯಲ್ಲಿ ತಂಗಿಯನ್ನು ಹುಡುಕಿ ಎಲ್ಲವನ್ನೂ ಹೇಳಿದ.

ಅಫಿಯಾ ಟೊಮೇಟೊಗಳನ್ನು ನಾಲ್ಕು ನಾಲ್ಕಾಗಿ ಪೇರಿಸುತ್ತಲೇ ಕೇಳಿದಳು.

"ಬಾಗಿಲು ಹಾಕ್ಕೊಂಡೆ ಅಂದಿದ್ದೂ ಇದೆಯಾ ಅದರಲ್ಲಿ?"

"ಎಲ್ಲಾ ಇದೆ."

"ಎಷ್ಟು ಜನ ನೋಡ್ತಾರೆ?"

ಅವನು ಕೆಳಗುರುಳಿದ ಒಂದು ಟೊಮೇಟೊವನ್ನು ಎತ್ತಿಕೊಟ್ಟ.

"ನೀನು ಕೇಳ್ಲಿ ಅಂತ ಹೇಳಿದ್ದಲ್ಲ ಅದು," ಎಂದಳು ಅವಳು. "ನೀನು ಸತ್ತಿದೀಯ ಅಂತ ಹೇಳಿದ್ದು." ಇನ್ನೂ ಒಂದು ರಾಶಿ ಪೇರಿಸಿದಳು. "ಅವ್ವನಿಗೆ ಹೇಳ್ಬೇಡ. ಮಾವನಿಗೆ ಹೇಳೋ ಕೆಲಸ ಬೀಳಲ್ಲ, ಲಾರಿಯೋರು ಹೇಳ್ತಾರೆ."

ಹಾಗೆಯೇ ಆಯಿತು. ಮುಂದಿನ ಅದಾಯ್ ಭಾನುವಾರ ಸಾರ್ಫೊ ಊಟ ಮುಗಿಸಿ ಹೊರಗೆ ಬಂದಾಗ, ಆಂಟ್ವಿ ರಸ್ತೆಯಂಚಿನ ಬೆಂಚಿನ ಮೇಲೆ ಕಾದು ಕುಳಿತಿದ್ದ.

"ಕೂತ್ಕೋ, ಅಳಿಯ."

ಕುಳಿತ.

"ನಾನು ಸುಟ್ಟದ್ದು ನಿನ್ನ ಮಾತು ನಂಬಿ. ನಿನ್ನವ್ವ ಕರೆದದ್ದು ನನ್ನ ಮಾತು ನಂಬಿ. ಈಗ ಅವಳಿಗೆ ಹೇಳಿದ್ರೆ, ಅವಳು ಒಂದೇ ವರ್ಷದಲ್ಲಿ ಎರಡನೇ ಸಲ ನಿನ್ನ ಕಳಕೋಬೇಕು. ಆ ವಯಸ್ಸಲ್ಲ ಅವಳದು."

"ಮಾವ, ನನ್ನಿಂದ..."

"ಕೇಳು. ಅವಳು ಇರೋವರೆಗೂ ನೀನು ಬದುಕಿರ್ತೀಯ. ಬಾ, ಉಣ್ಣು, ಹೋಗು. ಆಮೇಲಿಂದು ಆಮೇಲೆ." ಮುದುಕ ಕೋಲು ಊರಿ ಎದ್ದ. "ಎಷ್ಟು ಹೊತ್ತು ಅಳ್ತಾಳಂತೆ ಅದರಲ್ಲಿ?"

"ಎರಡು ನಿಮಿಷ ನಲವತ್ತು ಸೆಕೆಂಡು."

"ಉದ್ದವೇ," ಎಂದು ಹೇಳಿ ಆಂಟ್ವಿ ಮನೆಯ ಕಡೆ ನಡೆದ.

ಆ ಚಿತ್ರ ಬಾಡುವಿನ ಚಿತ್ರಗಳಲ್ಲೆಲ್ಲ ಹೆಚ್ಚು ದಿನ ಓಡಿತು. ಸಾರ್ಫೊ ಅದನ್ನು ನೋಡಲಿಲ್ಲ. ಮುಂದೆ ಇನ್ನೂ ಒಂಬತ್ತು ಚಿತ್ರಗಳಲ್ಲಿ ಮಾಂತ್ರಿಕನಾಗಿ, ಕಾವಲುಗಾರನಾಗಿ, ಹುಚ್ಚು ವೈದ್ಯನಾಗಿ ನಟಿಸಿದ; ಪೆಟ್ಟಿಗೆಯಲ್ಲಿ ಮಾತ್ರ ಮಲಗಲಿಲ್ಲ. ಯಾ ಪೋಕುವಾ ೨೦೦೦ನೆಯ ಫೆಬ್ರವರಿ ೧೪, ಸೋಮವಾರ, ನಿದ್ರೆಯಲ್ಲಿ ತೀರಿಕೊಂಡಳು. ಮಾರ್ಚ್ ೨೫, ಶನಿವಾರ ನಡೆದ ಉತ್ತರಕ್ರಿಯೆಯಲ್ಲಿ ಸಾರ್ಫೊ ಅವಳ ಮಕ್ಕಳ ಸಾಲಿನಲ್ಲಿ ಕುಳಿತ. ಮರುದಿನ ಭಾನುವಾರ ಆಂಟ್ವಿ ಹಿರಿಯರನ್ನು ಕೂಡಿಸಿ, ಸುಟ್ಟದ್ದಲ್ಲದೆ ಇನ್ನೊಂದು ಟೇಪು ಇತ್ತೆಂಬುದನ್ನು ತಿಳಿಸಿದ. ಸಾರ್ಫೊ ಹೌದೆಂದು ಒಪ್ಪಿಕೊಂಡ. ಅಂದಿನಿಂದ ಮನೆತನದ ಸಭೆಗೆ ಅವನಿಗೆ ಕರೆ ಬರಲಿಲ್ಲ. ಆಂಟ್ವಿ ೨೦೦೩ರಲ್ಲಿ ತೀರಿಕೊಂಡ. ಬಾಡು ೨೦೦೬ರಲ್ಲಿ ಅಂಗಡಿ ಮುಚ್ಚಿ, ಸಿಮೆಂಟು ವ್ಯಾಪಾರಕ್ಕೆ ಇಳಿದ. ಕ್ವಾಬೆನಾ ಸಾರ್ಫೊ ೨೦೦೮ನೆಯ ಸೆಪ್ಟೆಂಬರ್ ೧೩, ಶನಿವಾರ, ಕುಮಾಸಿಯ ಆಸ್ಪತ್ರೆಯೊಂದರಲ್ಲಿ ಯಕೃತ್ತಿನ ರೋಗದಿಂದ ಮರಣಹೊಂದಿದ. ದೇಹವನ್ನು ಪಡೆಯಲು ಮನೆತನದವರು ಬರಲಿಲ್ಲ. ಅಫಿಯಾ ಸೆರ್ವಾ ಒಬ್ಬಳೇ ಬಂದು ಸಹಿ ಹಾಕಿದಳು. ನವೆಂಬರ್ ೮, ಶನಿವಾರ, ಅಬೊನ್ಸೊದಲ್ಲಲ್ಲ, ಕುಮಾಸಿಯ ಟಾಫೊದ ಸಾರ್ವಜನಿಕ ಸ್ಮಶಾನದಲ್ಲಿ ಅವನನ್ನು ಹೂಳಲಾಯಿತು.